ಅರ್ಧ ಇಂಚಿನ ಲೆಕ್ಕ: ಜಿಪ್ಸಮ್ ಶೀಟಿನ ಗೋಡೆಯಲ್ಲಿ ಸ್ವಿಚ್ ಬಾಕ್ಸ್ ಕೂರಿಸುವ ಬಗೆ

ದಾವಣಗೆರೆಯಲ್ಲಿ ಮಹಡಿ ಮೇಲೆ ದೊಡ್ಡ ಹಾಲ್ ಇದ್ದವರು ಅದನ್ನು ಎರಡು ಮೂರು ಕೋಣೆ ಮಾಡಿ ಬಾಡಿಗೆಗೆ ಕೊಡುವುದು ಬಹಳ ಕಾಲದಿಂದ ನಡೆದುಬಂದಿದೆ. ಜೆಜೆಎಂ ಮೆಡಿಕಲ್ ಕಾಲೇಜಿಗೆ, ಬಿಐಇಟಿ ಎಂಜಿನಿಯರಿಂಗ್ ಕಾಲೇಜಿಗೆ ಓದಲು ಬರುವ ಮಕ್ಕಳು ಪ್ರತಿವರ್ಷ ಕೋಣೆ ಹುಡುಕುತ್ತಲೇ ಇರುತ್ತಾರೆ. ಮೊದಲಾದರೆ ಗಾರೆಯವರನ್ನು ಕರೆಸಿ ನಾಲ್ಕೂವರೆ ಇಂಚಿನ ಇಟ್ಟಿಗೆ ಗೋಡೆ ಎಬ್ಬಿಸುತ್ತಿದ್ದರು. ಈಗ ಆ ಜಾಗಕ್ಕೆ ಜಿಪ್ಸಮ್ ಶೀಟು ಬಂದಿದೆ. ಇದರ ತೂಕ ಇಟ್ಟಿಗೆ ಗೋಡೆಯ ಹತ್ತರಲ್ಲೊಂದು ಪಾಲಿನಷ್ಟು. ಕೆಳಗೆ ಬೀಮ್ ಇಲ್ಲದ ಸ್ಲ್ಯಾಬಿಗೂ ಹೊರೆಯಾಗುವುದಿಲ್ಲ, ನೀರು ಹೊಡೆದು ಕಾಯುವ ಕೆಲಸವೂ ಇಲ್ಲ. ಎರಡು ದಿನದಲ್ಲಿ ಗೋಡೆ ನಿಂತುಬಿಡುತ್ತದೆ.

ಮೂರನೇ ದಿನ ವೈರ್‌ಮನ್ ಬಂದು ಸ್ವಿಚ್ಚಿನ ಪ್ಲೇಟು ಹಾಕಲು ಕೂತಾಗ ತೊಂದರೆ ಗೊತ್ತಾಗುತ್ತದೆ. ಬಾಕ್ಸು ಗೋಡೆಯ ಮುಖಕ್ಕಿಂತ ಅರ್ಧ ಇಂಚು ಒಳಗೆ ಕೂತಿದೆ, ಸ್ಕ್ರೂ ಎಟುಕುತ್ತಿಲ್ಲ.

"ಅದಕ್ಯಾಕ್ರೀ ಇಷ್ಟು ಯೋಚನೆ? ಉದ್ದದ ಸ್ಕ್ರೂ ಹಾಕಿದ್ರ ಆತು ಬಿಡ್ರೀ" ಎಂದು ಯಾರಾದರೂ ಹೇಳುತ್ತಾರೆ. ವೈರಿಂಗ್ ಕೆಲಸಕ್ಕಿಳಿದ ಹೊಸತರಲ್ಲಿ ನಾನೂ ಹಾಗೇ ಮಾಡಿದ್ದೆ. ವಿದ್ಯಾನಗರದ ಒಂದು ಮನೆಯಲ್ಲಿ ಎಲ್ಲಾ ಬಾಕ್ಸುಗಳನ್ನೂ ಶೀಟು ಹೊಡೆಯುವ ತಗಡಿನ ಕಂಬದ, ಅಂದರೆ ಸ್ಟಡ್‌ನ ಅಂಚಿಗೆ ಸಮ ಮಾಡಿ ಕೂರಿಸಿದ್ದೆ. ಮೇಲೆ ಶೀಟು ಬಂದಾಗ ಅಷ್ಟೂ ಒಳಗೆ ಸೇರಿದವು. ಉದ್ದದ ಸ್ಕ್ರೂ ತಂದು ಬಿಗಿದೆ. ಎರಡು ವರ್ಷ ಕಳೆದ ಮೇಲೆ ಆ ಮನೆಯ ಅಜ್ಜಿಗೆ ಸುಟ್ಟ ವಾಸನೆ ಬಂದು, ಅವರು ಕೂಗಿ ಮೇನ್ ಆಫ್ ಮಾಡಿಸಿದರು. ನಾನು ಹೋಗಿ 16 ಆಂಪಿಯರ್ ಸಾಕೆಟ್ಟಿನ ಪ್ಲೇಟು ಬಿಚ್ಚಿದೆ. ದಿನಾ ಪ್ಲಗ್ ಚುಚ್ಚಿ ಕಿತ್ತು ಸಾಕೆಟ್ಟು ಅಲುಗಾಡಿತ್ತು. ಹಿಂದಿನ ವೈರು ಸಡಿಲವಾಗಿ ಕಿಡಿ ಹಾರಿ, ಬಾಕ್ಸಿಗೂ ಶೀಟಿಗೂ ನಡುವೆ ಉಳಿದಿದ್ದ ಆ ಅರ್ಧ ಇಂಚಿನ ಸಂದಿಯಲ್ಲಿ ಶೀಟಿನ ಕಾಗದ ಕಪ್ಪಾಗಿತ್ತು. ಅಜ್ಜಿ ಅವತ್ತು ಮನೆಯಲ್ಲಿ ಇರದಿದ್ದರೆ ಏನಾಗುತ್ತಿತ್ತೋ ಎಂದು ಈಗಲೂ ಯೋಚಿಸುತ್ತೇನೆ. ಅವತ್ತಿನಿಂದ ಈ ಅರ್ಧ ಇಂಚನ್ನು ನಾನು ಹಗುರವಾಗಿ ತೆಗೆದುಕೊಂಡಿಲ್ಲ.

ಮುಂದೆ ಹೋಗುವ ಮೊದಲು ಒಂದು ಮಾತು. ನಮ್ಮ ಕಡೆ ಸೈಟಿನಲ್ಲಿ 'ಬೋರ್ಡ್' ಅಂದರೆ ವೈರ್‌ಮನ್‌ಗೆ ಸ್ವಿಚ್ ಬೋರ್ಡು, ಸೀಲಿಂಗ್ ಕೆಲಸದವರಿಗೆ ಜಿಪ್ಸಮ್ ಬೋರ್ಡು. "ಬೋರ್ಡ್ ಇನ್ನೊಂದು ಇಂಚು ಮುಂದ ತರ್ರೀ" ಅಂದರೆ ಇಬ್ಬರೂ ಬೇರೆ ಬೇರೆ ಕೆಲಸ ಮಾಡಿಟ್ಟಿರುತ್ತಾರೆ. ಅದಕ್ಕೆ ಈ ಬರಹದಲ್ಲಿ ಜಿಪ್ಸಮ್ ಹಲಗೆಯನ್ನು ಶೀಟು ಎಂದೂ, ಸ್ವಿಚ್ ಕೂರುವ ಡಬ್ಬಿಯನ್ನು ಬಾಕ್ಸು ಎಂದೂ ಕರೆಯುತ್ತೇನೆ. ನಿಮ್ಮ ಮನೆಯ ಕೆಲಸದಲ್ಲೂ ಹೀಗೇ ಎರಡು ಹೆಸರು ಗೊತ್ತುಮಾಡಿಕೊಂಡರೆ ಅರ್ಧ ಜಗಳ ತಪ್ಪುತ್ತದೆ.

ಶೀಟಿನೊಳಗೆ ಏನಿದೆ

ಜಿಪ್ಸಮ್ ಒಂದು ಮೆತ್ತನೆಯ ಖನಿಜ. ನಮ್ಮ ದೇಶದಲ್ಲಿ ಸಿಗುವುದರಲ್ಲಿ ಹೆಚ್ಚಿನ ಪಾಲು ರಾಜಸ್ಥಾನದ ನೆಲದಿಂದ ಬರುತ್ತದೆ. ಅದನ್ನು ಕಾಯಿಸಿ ಪುಡಿ ಮಾಡಿದರೆ ನಮಗೆಲ್ಲ ಗೊತ್ತಿರುವ ಪಿಓಪಿ. ಆ ಪುಡಿಗೆ ನೀರು ಬೆರೆಸಿ, ಎರಡು ದಪ್ಪ ಕಾಗದದ ನಡುವೆ ಹರಡಿ ಗಟ್ಟಿ ಮಾಡಿದ್ದೇ ಶೀಟು. ಮನೆಗಳಲ್ಲಿ ಗೋಡೆಗೆ ಬಳಸುವುದು ಸಾಮಾನ್ಯವಾಗಿ 12.5 ಮಿ.ಮೀ. ದಪ್ಪದ್ದು, ಅಂದರೆ ಸರಿಸುಮಾರು ಅರ್ಧ ಇಂಚು. ನಾಲ್ಕಡಿ ಅಗಲ ಆರಡಿ ಉದ್ದದ ಒಂದು ಶೀಟು ಇಪ್ಪತ್ತು ಕೆಜಿಯ ಆಸುಪಾಸು ತೂಗುತ್ತದೆ. ಇದಕ್ಕೆಂದೇ ಐಎಸ್ 2095 ಎಂಬ ಭಾರತೀಯ ಮಾನಕ ಇದೆ. ಶೀಟಿನ ಹಿಂಬದಿಯಲ್ಲಿ ಆ ಸಂಖ್ಯೆ ಮುದ್ರಿಸಿದೆಯೇ ನೋಡಿ ಕೊಳ್ಳಿ.

ಗಟ್ಟಿಯಾದ ಜಿಪ್ಸಮ್ಮಿನ ತೂಕದಲ್ಲಿ ಐದರಲ್ಲೊಂದು ಪಾಲು, ಲೆಕ್ಕ ಹಾಕಿದರೆ ಸುಮಾರು 21 ಶೇಕಡಾ, ನೀರೇ ಇರುತ್ತದೆ. ಮುಟ್ಟಿದರೆ ತೇವವಿಲ್ಲ, ಹಿಂಡಿದರೆ ಬರುವುದಿಲ್ಲ. ಹರಳಿನೊಳಗೆ ಕಟ್ಟಿಹಾಕಿದ ನೀರದು. ಬೆಂಕಿ ತಾಗಿದಾಗ ಈ ನೀರು ಆವಿಯಾಗತೊಡಗುತ್ತದೆ, ಶಾಖವೆಲ್ಲ ಆ ಕೆಲಸಕ್ಕೇ ಖರ್ಚಾಗುತ್ತದೆ. ನೀರು ಪೂರ್ತಿ ಹೋಗುವ ತನಕ ಶೀಟಿನ ಆಚೆ ಬದಿ ನೂರು ಡಿಗ್ರಿಯ ಆಸುಪಾಸಿನಲ್ಲೇ ನಿಂತಿರುತ್ತದೆ. ಒಲೆ ಮೇಲಿನ ಪಾತ್ರೆಯಲ್ಲಿ ನೀರಿರುವ ತನಕ ತಳ ಸೀಯುವುದಿಲ್ಲವಲ್ಲ, ಹಾಗೆ. ಬೆಂಕಿಗೆ ಈ ಗೋಡೆ ಒಳ್ಳೆಯದು ಎನ್ನುವುದು ಈ ಕಾರಣಕ್ಕೆ. ಆದರೆ ನಾವು ಸ್ವಿಚ್ಚಿಗಾಗಿ ಶೀಟು ಕತ್ತರಿಸಿದ ಜಾಗದಲ್ಲಿ ಆ ರಕ್ಷಣೆ ಇರುವುದಿಲ್ಲ. ಅಲ್ಲಿ ಕಿಡಿಗೂ ಗೋಡೆಯ ಪೊಳ್ಳಿಗೂ ನಡುವೆ ಇರುವುದು ಬಾಕ್ಸು ಒಂದೇ.

ಹಾಗಾಗಿ ಬಾಕ್ಸಿನ ಕೆಲಸ ಸ್ವಿಚ್ಚನ್ನು ಹಿಡಿದುಕೊಳ್ಳುವುದಷ್ಟೇ ಅಲ್ಲ. ವೈರಿನ ಜೋಡಣೆ ಸಡಿಲವಾಗಿ ಬಿಸಿಯಾದರೆ, ಕಿಡಿ ಹಾರಿದರೆ, ಅದು ಬಾಕ್ಸಿನ ನಾಲ್ಕು ಗೋಡೆಯೊಳಗೇ ಮುಗಿಯಬೇಕು. ಬಾಕ್ಸಿನ ಬಾಯಿ ಶೀಟಿನ ಮುಖದ ತನಕ ಬರಬೇಕು ಎನ್ನುವುದು ಅದಕ್ಕೇ. ಅರ್ಧ ಇಂಚು ಒಳಗೆ ಉಳಿದರೆ ಸುತ್ತಲೂ ಒಂದು ಕಿಂಡಿ ತೆರೆದಂತೆ. ಅಮೆರಿಕದ ವಿದ್ಯುತ್ ಸಂಹಿತೆ ಇದಕ್ಕೆ ನೇರವಾಗಿ ಅಳತೆಯನ್ನೇ ಕೊಟ್ಟಿದೆ: ಸುಡದ ಗೋಡೆಯಲ್ಲಿ ಬಾಕ್ಸು ಕಾಲು ಇಂಚಿಗಿಂತ, ಅಂದರೆ 6 ಮಿ.ಮೀ.ಗಿಂತ ಒಳಗೆ ಹೋಗಬಾರದು. ಮರದಂಥ ಸುಡುವ ಮುಖವಿದ್ದರೆ ಒಳಗೆ ಹೋಗುವಂತೆಯೇ ಇಲ್ಲ. ಬಾಕ್ಸಿನ ಸುತ್ತ ಶೀಟು ಕತ್ತರಿಸಿದ ಸಂದಿ 3 ಮಿ.ಮೀ. ದಾಟಬಾರದು. ಅದು ನಮ್ಮ ದೇಶದ ನಿಯಮವಲ್ಲ, ಆದರೂ ಕೆಲಸ ಮಾಡಿಸುವಾಗ ಈ 6 ಮತ್ತು 3 ಎಂಬ ಎರಡು ಅಂಕಿಗಳನ್ನು ನಾನು ತಲೆಯಲ್ಲಿಟ್ಟುಕೊಂಡಿರುತ್ತೇನೆ.

ಎಲ್ಲಿಂದ ಅಳೆಯಬೇಕು

ಇಟ್ಟಿಗೆ ಗೋಡೆಯಲ್ಲಿ ನಮ್ಮ ವೈರ್‌ಮನ್‌ಗಳು ಈ ತಪ್ಪು ಮಾಡುವುದು ಕಡಿಮೆ. ಅಲ್ಲಿ ಗ್ರೂವ್ ಹೊಡೆದು ಬಾಕ್ಸು ಕೂರಿಸುವಾಗಲೇ ಗಾರೆಯವರು "ಗಿಲಾವು ಎಷ್ಟು ಬರತೈತಿ?" ಅಂತ ಕೇಳಿ ಅಷ್ಟು ಹೊರಗೆ ಬಿಡಿಸುತ್ತಾರೆ. ಅಂದರೆ ಇವತ್ತಿನ ಗೋಡೆಯನ್ನು ನೋಡದೆ ನಾಳೆ ಬರಲಿರುವ ಗೋಡೆಯನ್ನು ನೋಡಿ ಕೂರಿಸುತ್ತಾರೆ. ಶೀಟಿನ ಕೆಲಸದಲ್ಲೂ ಅದೇ ಬುದ್ಧಿ ಬೇಕು. ಇಲ್ಲಿ ಕಣ್ಣೆದುರು ಇರುವುದು ಬರೀ ತಗಡಿನ ಸ್ಟಡ್‌ಗಳಾದ್ದರಿಂದ ನಾಳೆಯ ಗೋಡೆ ಎಲ್ಲಿದೆ ಎಂದು ಕಾಣುವುದಿಲ್ಲ, ಅಷ್ಟೇ.

ಇದಕ್ಕೆ ಟೇಪೂ ಬೇಡ, ಲೆಕ್ಕವೂ ಬೇಡ. ಅಂಗೈ ಅಗಲದ ಶೀಟಿನ ತುಂಡೊಂದನ್ನು ಜೇಬಿನಲ್ಲಿಟ್ಟುಕೊಳ್ಳಿ. ಬಾಕ್ಸು ಕೂರಿಸುವಾಗ ಆ ತುಂಡನ್ನು ಸ್ಟಡ್‌ನ ಮುಖಕ್ಕೆ ಒತ್ತಿಹಿಡಿದು, ತುಂಡಿನ ಹೊರಮೈಗೆ ಬಾಕ್ಸಿನ ಬಾಯಿ ಸಮವಾಗುವಂತೆ ಮಾರ್ಕ್ ಮಾಡಿ ಬಿಗಿಯಿರಿ. ಎರಡು ಪದರ ಶೀಟು ಹಾಕುವವರಿದ್ದರೆ ಎರಡು ತುಂಡು ಹಿಡಿಯಿರಿ, 25 ಮಿ.ಮೀ. ಆಯಿತು. ಶೀಟಿನ ಮೇಲೆ ಟೈಲ್ಸ್ ಬರುವುದಿದ್ದರೆ ಟೈಲ್ಸಿನ ತುಂಡನ್ನೂ, ಅದರ ಅಂಟಿನ ದಪ್ಪವನ್ನೂ ಸೇರಿಸಿ ಹಿಡಿಯಬೇಕು. ಕೊನೆಗೂ ಒಂದೆರಡು ಮಿ.ಮೀ. ಹೆಚ್ಚುಕಮ್ಮಿ ಆಗುವುದಾದರೆ ಒಳಕ್ಕೇ ಆಗಲಿ. ಬಾಕ್ಸು ಶೀಟಿಗಿಂತ ಕೂದಲೆಳೆ ಹೊರಗೆ ಬಂದರೂ ಪ್ಲೇಟು ಗೋಡೆಗೆ ಕೂರುವುದಿಲ್ಲ, ಒಂದು ಮೂಲೆ ಎದ್ದೇ ಇರುತ್ತದೆ.

ಹಳೆಯ ಗೋಡೆಯ ಮೇಲೆ ಶೀಟು ಹಚ್ಚುವಾಗ ಲೆಕ್ಕ ಬೇರೆ. ಮಂಡಿಪೇಟೆ, ಹಳೇಪೇಟೆಯ ಕಡೆಯ ಹಳೆ ಮನೆಗಳ ಗೋಡೆ ಒಂದು ಕಡೆ ಉಬ್ಬಿ ಇನ್ನೊಂದು ಕಡೆ ತಗ್ಗಿರುತ್ತದೆ. ಅಂಥ ಗೋಡೆಗೆ ಅಂಟಿನ ಉಂಡೆಗಳನ್ನಿಟ್ಟು ಶೀಟು ಒತ್ತಿದರೆ ಅಂಟೇ 10ರಿಂದ 25 ಮಿ.ಮೀ. ದಪ್ಪ ಬರುತ್ತದೆ. ಅದರ ಮೇಲೆ ಶೀಟಿನ 12.5. ಒಟ್ಟು ಗೋಡೆಯ ಮುಖ ಒಂದರಿಂದ ಒಂದೂವರೆ ಇಂಚು ಮುಂದೆ ಬಂದುಬಿಡುತ್ತದೆ, ಅದೂ ಒಂದೊಂದು ಕಡೆ ಒಂದೊಂದು ಥರ. ಇಲ್ಲಿ ಶೀಟಿನ ತುಂಡು ಹಿಡಿದರೆ ಸಾಲದು. ಮೇಲೆ ಕೆಳಗೆ ತೂಕದ ಗುಂಡು ಬಿಟ್ಟು ದಾರ ಎಳೆದು, ಆ ದಾರವೇ ನಾಳೆಯ ಗೋಡೆ ಎಂದುಕೊಂಡು ಒಂದೊಂದು ಬಾಕ್ಸನ್ನೂ ದಾರಕ್ಕೆ ತರಬೇಕು. ಹಳೆ ಬಾಕ್ಸನ್ನು ಕಿತ್ತು ಹಿಂದೆ ಪ್ಯಾಕಿಂಗ್ ಕೊಟ್ಟು ಮುಂದೆ ಕೂರಿಸುವುದು ಒಂದು ದಾರಿ. ಮುಂದೆ ತಂದಾಗ ಒಳಗಿನ ವೈರು ಗಿಡ್ಡ ಬೀಳುತ್ತದೆ; ಆಗ ಗಂಟು ಹಾಕಿ ಟೇಪ್ ಸುತ್ತಿ ಗೋಡೆಯೊಳಗೆ ತುರುಕಬಾರದು, ಹೊಸ ವೈರು ಎಳೆಯಬೇಕು. ಈ ಒಂದು ದಿನದ ಕೆಲಸವನ್ನು ಉಳಿಸಲು ಹೋಗಿ ನಾನು ಕಂಡ ಮನೆಗಳಲ್ಲಿ ಆದ ತೊಂದರೆ ಕಡಿಮೆಯಲ್ಲ.

ಹಳೆ ಗೋಡೆಯ ವಿಷಯ ಬಂದಾಗ ಇದನ್ನೂ ಹೇಳಿಬಿಡುತ್ತೇನೆ. ಗೋಡೆಯಲ್ಲಿ ತೇವ ಏರಿ ಬಣ್ಣ ಉದುರುತ್ತಿದೆ, ಶೀಟು ಹಚ್ಚಿ ಮುಚ್ಚಿಬಿಡೋಣ ಎನ್ನುವವರು ಬಹಳ ಜನ ಸಿಗುತ್ತಾರೆ. ದಯವಿಟ್ಟು ಬೇಡ. ತೇವ ಅಲ್ಲೇ ಇರುತ್ತದೆ, ಕಾಣುವುದಿಲ್ಲ ಅಷ್ಟೇ. ಶೀಟಿನ ಕಾಗದ ಅದನ್ನು ಹೀರಿಕೊಳ್ಳುತ್ತದೆ, ಬೂಷ್ಟು ಹಿಡಿಯುತ್ತದೆ, ಸತು ಲೇಪಿಸಿದ ಕಬ್ಬಿಣದ ಜಿಐ ಬಾಕ್ಸು ತುಕ್ಕು ಹಿಡಿಯುತ್ತದೆ. ಮೊದಲು ತೇವದ ಮೂಲ ನಿಲ್ಲಿಸಿ, ಗೋಡೆ ಒಣಗಲಿ.

ಬಾಕ್ಸು ಯಾರ ಹೆಗಲ ಮೇಲೆ

ಮುಖದ ಲೆಕ್ಕ ಸರಿಯಾದ ಮೇಲೆ ಮುಂದಿನ ಪ್ರಶ್ನೆ, ಬಾಕ್ಸು ಯಾವುದನ್ನು ಹಿಡಿದು ನಿಂತಿದೆ? ಇಟ್ಟಿಗೆ ಗೋಡೆಯಲ್ಲಿ ಈ ಪ್ರಶ್ನೆಯೇ ಇಲ್ಲ, ಸಿಮೆಂಟು ಸುತ್ತಲೂ ಹಿಡಿದಿರುತ್ತದೆ. ಶೀಟಿನ ಗೋಡೆ ಪೊಳ್ಳು. ಶೀಟು ತನ್ನ ಭಾರ ತಾನು ಹೊರುತ್ತದೆ, ಮೇಲೆ ಎಳೆತ ಬಿದ್ದರೆ ಪುಡಿಯಾಗುತ್ತದೆ. ಇಸ್ತ್ರಿಪೆಟ್ಟಿಗೆಯ ಪ್ಲಗ್ಗನ್ನು ನಾವು ಹೇಗೆ ಕೀಳುತ್ತೇವೆ ಎಂದು ನೆನಪು ಮಾಡಿಕೊಳ್ಳಿ. ಎಷ್ಟೋ ಸಲ ವೈರು ಹಿಡಿದೇ ಎಳೆಯುತ್ತೇವೆ. ಆ ಎಳೆತವೆಲ್ಲ ಕೊನೆಗೆ ಬಾಕ್ಸಿಗೆ ಬರುತ್ತದೆ. ಅದನ್ನು ತಡೆಯಲು ಬಾಕ್ಸಿನ ಹಿಂದೆ ತಗಡೋ ಮರವೋ ಇರಲೇಬೇಕು.

ಎರಡು ಮೂರು ಸ್ವಿಚ್ಚಿನ ಸಣ್ಣ ಬಾಕ್ಸಾದರೆ ಸ್ಟಡ್‌ನ ಪಕ್ಕಕ್ಕೇ ಎರಡು ಸ್ಕ್ರೂ ಹೊಡೆದು ನಿಲ್ಲಿಸಬಹುದು. ಸ್ಟಡ್ ಇಂಗ್ಲಿಷಿನ ಸಿ ಅಕ್ಷರದಂತೆ ಒಂದು ಬದಿ ಮುಚ್ಚಿ ಇನ್ನೊಂದು ಬದಿ ತೆರೆದಿರುತ್ತದೆ. ಬಾಕ್ಸು ಮುಚ್ಚಿದ ಬದಿಗೆ ಬರಲಿ. ಬಾಕ್ಸಿನೊಳಗೆ ಸ್ಕ್ರೂವಿನ ಚೂಪು ತುದಿ ಇಣುಕದಂತೆ ನೋಡಿಕೊಳ್ಳಿ, ತಲೆ ಮಾತ್ರ ಒಳಗಿರಬೇಕು. ಆದರೆ ಆರು, ಎಂಟು ಮಾಡ್ಯೂಲಿನ, ಅಂದರೆ ಅಷ್ಟು ಸ್ವಿಚ್ಚು ಹಿಡಿಯುವ ಉದ್ದ ಬಾಕ್ಸನ್ನು ಒಂದೇ ತುದಿಯಲ್ಲಿ ಹಿಡಿಸಿದರೆ ಇನ್ನೊಂದು ತುದಿ ಜೋತುಬೀಳುತ್ತದೆ. ಸ್ಟಡ್‌ಗಳ ನಡುವೆ ಸಾಮಾನ್ಯವಾಗಿ ಎರಡಡಿ ಅಂತರ. ಆ ಎರಡರ ನಡುವೆ ಅಡ್ಡ ಚಾನೆಲ್ ಕೊಟ್ಟು, ಇಲ್ಲವೇ 12 ಮಿ.ಮೀ. ಪ್ಲೈವುಡ್ಡಿನ ಪಟ್ಟಿಯನ್ನು ಹಿಂದಕ್ಕೆ ತಳ್ಳಿ ಬಿಗಿದು, ಅದಕ್ಕೆ ಬಾಕ್ಸನ್ನು ಹಿಡಿಸಬೇಕು. ಟಿವಿ ಸ್ಟ್ಯಾಂಡ್, ದೇವರ ಮಂಟಪ, ಕಪಾಟು ಬರುವ ಕಡೆಯೂ ಇದೇ ಹೊತ್ತಿನಲ್ಲಿ ಪ್ಲೈ ಪಟ್ಟಿ ಕೂರಿಸಿಬಿಡಿ, ಶೀಟು ಮುಚ್ಚಿದ ಮೇಲೆ ಆ ಅವಕಾಶ ಮತ್ತೆ ಸಿಗುವುದಿಲ್ಲ.

ಗೋಡೆ ಮುಚ್ಚಿ ಬಣ್ಣ ಬಳಿದ ಮೇಲೆ ಇನ್ನೊಂದು ಸ್ವಿಚ್ ಬೇಕು ಅಂದರೆ? ಅದಕ್ಕೆ ಕಿವಿ ಇರುವ ಬಾಕ್ಸುಗಳು ಇವೆ. ಶೀಟಿಗೆ ತೂತು ಮಾಡಿ ಬಾಕ್ಸು ತಳ್ಳಿ ಸ್ಕ್ರೂ ತಿರುಗಿಸಿದರೆ ಎರಡು ಕಿವಿಗಳು ತೆರೆದುಕೊಂಡು ಶೀಟನ್ನು ಹಿಂದಿನಿಂದ ಕಚ್ಚಿ ಹಿಡಿಯುತ್ತವೆ. ಬ್ರಿಟನ್ನಿನಲ್ಲಿ ಇವು ಬಹಳ ಬಳಕೆಯಲ್ಲಿವೆ, ಅಲ್ಲಿ 35 ಮತ್ತು 47 ಮಿ.ಮೀ. ಆಳದವು ಸಿಗುತ್ತವೆ. ಆದರೆ ಅಲ್ಲಿನ ಪ್ಲೇಟಿನ ಅಳತೆ ಬೇರೆ, ನಮ್ಮ ಮಾಡ್ಯುಲರ್ ಪ್ಲೇಟಿನ ಅಳತೆ ಬೇರೆ. ಆನ್‌ಲೈನಿನಲ್ಲಿ ಚೆಂದ ಕಂಡಿತೆಂದು ತರಿಸಿಕೊಳ್ಳುವ ಮೊದಲು ನಿಮ್ಮ ಪ್ಲೇಟು ಅದಕ್ಕೆ ಕೂರುತ್ತದೆಯೇ ನೋಡಿ. ನಾನಂತೂ ಇವನ್ನು ಲೈಟಿನ ಸ್ವಿಚ್ಚಿಗೆ ಒಪ್ಪುತ್ತೇನೆ, ದಿನಾ ಎಳೆದಾಡುವ 16 ಆಂಪಿಯರ್ ಸಾಕೆಟ್ಟಿಗೆ ಒಪ್ಪುವುದಿಲ್ಲ. ಅಲ್ಲಿ ಕಚ್ಚಿಹಿಡಿದಿರುವುದು ಮತ್ತೆ ಅದೇ ಅರ್ಧ ಇಂಚಿನ ಜಿಪ್ಸಮ್ಮನ್ನೇ.

ಎರಡು ಕೋಣೆ, ಒಂದು ಗೋಡೆ

50 ಮಿ.ಮೀ. ಸ್ಟಡ್, ಎರಡೂ ಕಡೆ 12.5 ಮಿ.ಮೀ. ಶೀಟು. ಒಟ್ಟು 75 ಮಿ.ಮೀ., ಮೂರು ಇಂಚಿನ ಗೋಡೆ. ಇದರೊಳಗೆ ಎರಡು ಇಂಚು ಆಳದ ಬಾಕ್ಸು ಈ ಕೋಣೆಯ ಕಡೆಯಿಂದ ಕೂತರೆ, ಅದರ ಬೆನ್ನು ಆಚೆ ಶೀಟಿಗೆ ಮುಟ್ಟಲು ಅರ್ಧ ಇಂಚು ಬಾಕಿ. ಹೀಗಿರುವಾಗ ಆಚೆ ಕೋಣೆಯವರ ಬಾಕ್ಸನ್ನೂ ಬೆನ್ನಿಗೆ ಬೆನ್ನು ಕೊಟ್ಟು ಅದೇ ಜಾಗದಲ್ಲಿ ಕೂರಿಸಲು ಸಾಧ್ಯವೇ ಇಲ್ಲ. ಆದರೂ ಕೆಲವರು ಆಳ ಕಡಿಮೆ ಇರುವ ಬಾಕ್ಸು ತಂದು ತುರುಕುತ್ತಾರೆ, ಒಂದೇ ಪೈಪಿನಲ್ಲಿ ಎರಡು ಪಾಯಿಂಟು ಆಯಿತಲ್ಲ ಎಂಬ ಉಳಿತಾಯಕ್ಕೆ.

ಆ ಗೋಡೆಯ ಎರಡು ಬದಿಗೆ ಓದುವ ಹುಡುಗರಿದ್ದರೆ ಗೊತ್ತಾಗುತ್ತದೆ. ಈಚೆಯವನು ಫೋನಿನಲ್ಲಿ ಮಾತಾಡಿದ್ದು ಆಚೆಯವನ ಸ್ವಿಚ್ ಬೋರ್ಡಿನಿಂದ ಕೇಳಿಸುತ್ತದೆ. ಶಬ್ದ ಗಾಳಿಯ ಜೊತೆ ಹೋಗುವಂಥದು. ಗಾಳಿ ನುಸುಳುವ ಸಂದಿ ಎಷ್ಟೇ ಸಣ್ಣದಿದ್ದರೂ ಅಷ್ಟು ದೊಡ್ಡ ಗೋಡೆಯ ಕೆಲಸವನ್ನು ಅದು ಕೆಡಿಸುತ್ತದೆ. ಬೆಂಕಿಗೂ ಅದೇ ದಾರಿ. ಆದ್ದರಿಂದ ಎರಡು ಕೋಣೆಯ ಬಾಕ್ಸುಗಳ ನಡುವೆ ಕನಿಷ್ಠ ಒಂದು ಸ್ಟಡ್ ಇರಲಿ, ಅಂದರೆ ಈಚೆಯದು ಒಂದು ಅಂಕಣದಲ್ಲಿ, ಆಚೆಯದು ಪಕ್ಕದ ಅಂಕಣದಲ್ಲಿ. ಪೈಪು ನಾಲ್ಕು ಅಡಿ ಹೆಚ್ಚು ಬೇಕಾಗುತ್ತದೆ, ಬೇರೇನಿಲ್ಲ.

ಚಿತ್ರದುರ್ಗದಲ್ಲಿ ಒಂದು ಮನೆಯವರು ನನ್ನನ್ನು ಕರೆಸಿದ್ದು ಬೇರೆ ದೂರಿಗೆ. ಆಷಾಢದಲ್ಲಿ ಅವರ ಹೊಸ ಗೋಡೆಯ ಸ್ವಿಚ್ ಪ್ಲೇಟುಗಳ ಸುತ್ತ ಕೆಂದೂಳಿನ ಗೆರೆ ಬೀಳುತ್ತಿತ್ತು, ಒರೆಸಿದರೆ ಮರುದಿನ ಮತ್ತೆ. ಆ ಊರಿನ ಗಾಳಿ ಗೊತ್ತಲ್ಲ, ಗುಡ್ಡದ ಮೇಲೆಲ್ಲ ಗಾಳಿಯಂತ್ರ ನಿಲ್ಲಿಸಿರುವುದು ಸುಮ್ಮನೆ ಅಲ್ಲ. ಫಾಲ್ಸ್ ಸೀಲಿಂಗಿನ ಮೇಲೆ ವೆಂಟಿಲೇಟರಿನಿಂದ ನುಗ್ಗಿದ ಗಾಳಿ, ಗೋಡೆಯ ಪೊಳ್ಳಿನಲ್ಲಿ ಇಳಿದು, ಬಾಕ್ಸಿನ ಸುತ್ತ ಕತ್ತರಿಸಿದ್ದ ಬೆರಳು ತೂರುವಷ್ಟು ಸಂದಿಯಿಂದ ಹೊರಬರುತ್ತಿತ್ತು. ಪ್ಲೇಟು ಆ ಸಂದಿಯನ್ನು ಕಣ್ಣಿಗೆ ಮುಚ್ಚಿತ್ತು, ಗಾಳಿಗೆ ಮುಚ್ಚಿರಲಿಲ್ಲ. ಪ್ಲೇಟು ಬಿಚ್ಚಿ, ಸಂದಿಗೆ ಪೇಪರ್ ಟೇಪ್ ಕೊಟ್ಟು ಜಾಯಿಂಟಿಂಗ್ ಕಾಂಪೌಂಡ್ ಎಂಬ ಪುಟ್ಟಿಯಂಥದ್ದನ್ನು ತುಂಬಿದೆವು. ಗಾರೆಯವರು ಅಲ್ಲಿಗೆ ಮೊದಲೇ ಸಿಮೆಂಟು ಮೆತ್ತಿದ್ದರು. ಶೀಟಿನ ಕಾಗದಕ್ಕೆ ಸಿಮೆಂಟು ಕಚ್ಚುವುದಿಲ್ಲ, ಒಣಗಿ ಚಕ್ಕೆಚಕ್ಕೆಯಾಗಿ ಉದುರಿತ್ತು.

ಸಂದಿ ದೊಡ್ಡದಾಗದಂತೆ ಕತ್ತರಿಸುವುದೂ ಒಂದು ಕಲೆ. ಬಾಕ್ಸಿನ ಬಾಯಂಚಿಗೆ, ಗೆರೆ ಹೊಡೆಯುವ ದಾರಕ್ಕೆ ಹಚ್ಚುವ ನೀಲಿ ಪುಡಿ ಹಚ್ಚಿ, ಶೀಟನ್ನು ಅದರ ನಿಜವಾದ ಜಾಗದಲ್ಲಿಟ್ಟು ಅಂಗೈಯಿಂದ ಒತ್ತಿದರೆ ಹಿಂಬದಿಯಲ್ಲಿ ಬಾಕ್ಸಿನ ಅಚ್ಚು ಮೂಡುತ್ತದೆ. ಅಳತೆಗಿಂತ ಇದು ನಂಬಿಗಸ್ತ ದಾರಿ. ಅಚ್ಚಿನ ನಾಲ್ಕು ಮೂಲೆಗೂ ಹಿಂದಿನಿಂದ ಸಣ್ಣ ಡ್ರಿಲ್ ಹೊಡೆದು, ಶೀಟನ್ನು ತಿರುಗಿಸಿ, ಮುಂಬದಿಯಿಂದ ತೂತಿಗೆ ತೂತು ಗೆರೆ ಎಳೆದು ಚಾಕುವಿನಲ್ಲಿ ಕಾಗದ ಸೀಳಿ, ಆಮೇಲೆ ಸಣ್ಣ ಗರಗಸ ಹಾಕಬೇಕು. ಹಿಂದಿನಿಂದ ಗರಗಸ ಹಾಕಿದರೆ ಮುಂದಿನ ಕಾಗದ ಸಿಪ್ಪೆ ಏಳುತ್ತದೆ. ಟೇಪಿನಿಂದ ಅಳೆದು ಮಾಡುವವರು ಒಂದು ಎಚ್ಚರ ವಹಿಸಬೇಕು: ಹಿಂಬದಿಯ ಎಡ ಮುಂಬದಿಯ ಬಲ. ಈ ಒಂದು ಮರೆವಿನಿಂದ ತೂತು ಗೋಡೆಯ ಇನ್ನೊಂದು ತುದಿಗೆ ಬಿದ್ದು, ಇಡೀ ಶೀಟು ಹಾಳಾಗುತ್ತದೆ. ಎರಡು ಶೀಟು ಕೂಡುವ ಗೆರೆಯ ಮೇಲೆ ಬಾಕ್ಸು ಬರದಂತೆಯೂ ಮೊದಲೇ ಯೋಜಿಸಿ, ಅಲ್ಲಿ ಬಿರುಕು ಬರುವುದು ಬೇಗ.

ಸ್ಕ್ರೂ ಮತ್ತು ವೈರು

ಈ ಗೋಡೆಯಲ್ಲಿ ನನಗೆ ಎಲ್ಲಕ್ಕಿಂತ ಹೆಚ್ಚು ಭಯ ಇರುವುದು ಇಲ್ಲಿ. ಶೀಟಿಗೆ ಹೊಡೆಯುವುದು 25 ಮಿ.ಮೀ. ಉದ್ದದ ಕಪ್ಪು ಸ್ಕ್ರೂ, ಸುಮಾರು ಅಡಿಗೊಂದರಂತೆ. ಅದರಲ್ಲಿ 12.5 ಶೀಟಿಗೆ ಹೋದರೆ ಮಿಕ್ಕ ಅರ್ಧ ಇಂಚು ಒಳಗೆ ಚಾಚಿಕೊಂಡಿರುತ್ತದೆ. ಸ್ಟಡ್‌ಗೆ ಅಂಟಿಕೊಂಡು ಪೈಪು ಹೋಗಿದ್ದರೆ ಆ ತುದಿ ಪೈಪು ಸೀಳಿ ವೈರಿಗೆ ಇಳಿಯಬಹುದು. ಇಟ್ಟಿಗೆ ಗೋಡೆಯಲ್ಲಿ ಹೀಗಾದರೆ ಆ ಒಂದು ಮೊಳೆಗೆ ಮಾತ್ರ ಕರೆಂಟು. ಇಲ್ಲಿ ಸ್ಕ್ರೂ ಸ್ಟಡ್‌ಗೆ ತಾಗಿದೆ, ಸ್ಟಡ್ ಕೆಳಗಿನ ಮೇಲಿನ ಚಾನೆಲ್ಲಿಗೆ, ಅದು ಮಿಕ್ಕೆಲ್ಲ ಸ್ಟಡ್‌ಗಳಿಗೆ. ಇಡೀ ಗೋಡೆಯ ಹಂದರವೇ ಕರೆಂಟು ಹಿಡಿಯುತ್ತದೆ. ಫ್ರೇಮಿಗೆ ಅರ್ಥ್ ಇಲ್ಲದಿದ್ದರೆ ಹೆಚ್ಚು ಕರೆಂಟು ಹರಿದಾಗ ಬೀಳಬೇಕಾದ ಎಂಸಿಬಿಯೂ ಬೀಳುವುದಿಲ್ಲ, ಏಕೆಂದರೆ ಕರೆಂಟಿಗೆ ಹರಿದುಹೋಗಲು ದಾರಿ ಇಲ್ಲ. ಯಾರಾದರೂ ಕ್ಯಾಲೆಂಡರಿಗೆಂದು ಮೊಳೆ ಹೊಡೆದು ಮುಟ್ಟುವ ತನಕ ಅದು ಸುಮ್ಮನೆ ಕಾದಿರುತ್ತದೆ.

ಅದಕ್ಕೆ ಪೈಪು ಸ್ಟಡ್‌ನ ನಟ್ಟನಡುವೆ, ಕಾರ್ಖಾನೆಯಲ್ಲೇ ಕೊಟ್ಟಿರುವ ತೂತುಗಳಲ್ಲಿ ಹಾಯಬೇಕು. 50 ಮಿ.ಮೀ. ಸ್ಟಡ್‌ನ ನಡುವೆ 20 ಮಿ.ಮೀ. ಪೈಪು ಹೋದರೆ ಎರಡೂ ಬದಿಗೆ 15 ಮಿ.ಮೀ. ಉಳಿಯುತ್ತದೆ, ಸ್ಕ್ರೂವಿನ 12.5 ಅದನ್ನು ಮುಟ್ಟುವುದಿಲ್ಲ. ಅಷ್ಟು ಬಿಗಿಯಾದ ಲೆಕ್ಕ ಇದು. ತೂತಿನ ತಗಡಂಚು ಬ್ಲೇಡಿನಂತಿರುತ್ತದೆ, ಪೈಪಿಲ್ಲದೆ ಬರೀ ವೈರು ಹಾಯಿಸಬೇಡಿ, ಪೈಪಿಗೂ ರಬ್ಬರ್ ಬುಷ್ ಕೊಡಿ. ಬಾಕ್ಸಿನಿಂದ ಪೈಪು ನೇರ ಮೇಲಕ್ಕೆ ಅಥವಾ ನೇರ ಅಡ್ಡಕ್ಕೆ ಹೋಗಲಿ. ಪೈಪು ಉಳಿಸಲು ಮೂಲೆಗೆ ಓರೆಯಾಗಿ ಎಳೆಯುವುದು ಬೇಡ. ಸ್ವಿಚ್ ಕಂಡ ಕಡೆ ಅದರ ನೇರಕ್ಕೆ ಮೊಳೆ ಹೊಡೆಯಬಾರದು ಎಂಬುದು ಯಾರಿಗಾದರೂ ಅರ್ಥವಾಗುತ್ತದೆ, ಓರೆ ಪೈಪು ಎಲ್ಲಿದೆ ಎಂದು ಯಾರೂ ಊಹಿಸಲಾರರು.

ಜಿಐ ಬಾಕ್ಸು ಹಾಕಿದ್ದರೆ ಅದಕ್ಕೆ ಹಸಿರು ಅರ್ಥ್ ವೈರು ಕಡ್ಡಾಯ. ಅಂಥ ಬಾಕ್ಸು ಸ್ಟಡ್‌ಗೆ ಸ್ಕ್ರೂ ಆಗಿದ್ದರೆ ಫ್ರೇಮಿಗೂ ಅರ್ಥ್ ಸಿಕ್ಕಂತಾಗುತ್ತದೆ, ಆದರೆ ಅದನ್ನೊಂದೇ ನಂಬಿ ಕೂರಬಾರದು. ಮನೆಯ ಡಿಬಿಯಲ್ಲಿ, ಅಂದರೆ ಮೇನ್ ಸ್ವಿಚ್ಚಿನ ಪೆಟ್ಟಿಗೆಯಲ್ಲಿ, ಕರೆಂಟು ಸೋರಿದರೆ ತಾನೇ ಬೀಳುವ 30 ಮಿಲಿಆಂಪಿಯರಿನ ಆರ್‌ಸಿಸಿಬಿ ಇಲ್ಲದೆ ತಗಡಿನ ಹಂದರದ ಗೋಡೆ ಕಟ್ಟಿಸಬೇಡಿ ಎಂದು ನಾನು ಕೈಮುಗಿದು ಕೇಳುತ್ತೇನೆ. ಲೈಟಿಗೆ 1.5 ಚದರ ಮಿ.ಮೀ. ವೈರು, 16 ಆಂಪಿಯರ್ ಸಾಕೆಟ್ಟಿಗೆ 2.5, ಎಸಿಗೆ 4 ಎಂಬ ವಾಡಿಕೆ ಇಲ್ಲೂ ಅದೇ.

ಒಂದು ವ್ಯತ್ಯಾಸ ಮಾತ್ರ ಉಂಟು. ಶಬ್ದ ತಡೆಯಲೆಂದು ಗೋಡೆಯೊಳಗೆ ಕಲ್ಲಿನ ನಾರಿನ ಉಣ್ಣೆ, ಅಂದರೆ ರಾಕ್‌ವೂಲ್ ತುಂಬಿದರೆ ವೈರಿನ ಬಿಸಿ ಹೊರಹೋಗುವುದಿಲ್ಲ. ಅರ್ಧ ಮೀಟರಿಗಿಂತ ಹೆಚ್ಚು ದೂರ ವೈರು ಪೂರ್ತಿ ಅದರೊಳಗೇ ಹುದುಗಿದ್ದರೆ ಅದು ಹೊರಬಲ್ಲ ಕರೆಂಟನ್ನು ಅರ್ಧಕ್ಕೆ ಇಳಿಸಿ ಲೆಕ್ಕ ಹಾಕಬೇಕೆಂದು ಬ್ರಿಟನ್ನಿನ ವೈರಿಂಗ್ ನಿಯಮ ಹೇಳುತ್ತದೆ. ಪೈಪನ್ನು ಉಣ್ಣೆಯ ನಡುವೆ ಹಾಯಿಸದೆ ಒಂದು ಬದಿಯ ಶೀಟಿನ ಕಡೆಗೆ ಬಿಟ್ಟರೆ ಬಿಸಿ ಕಡಿಮೆಯಾಗುತ್ತದೆ, ಸ್ಕ್ರೂವಿನ ಅಪಾಯ ಹೆಚ್ಚುತ್ತದೆ. ಹಾಗಾಗಿ ಎಸಿ, ಗೀಸರಿನಂಥ ಹೆಚ್ಚು ಹೊರೆಯ ಲೈನುಗಳನ್ನು ಈ ಗೋಡೆಯಲ್ಲಿ ತರದೆ ಇಟ್ಟಿಗೆ ಗೋಡೆಯಲ್ಲೇ ಇಳಿಸುವುದು ನನ್ನ ಪದ್ಧತಿ. ಬೇಸಿಗೆಯ ಸೆಕೆಗೆಂದು ಥರ್ಮಾಕೋಲ್ ತುಂಬುವವರಿದ್ದಾರೆ. ಅದು ಉರಿಯುವ ವಸ್ತು, ಜೊತೆಗೆ ವೈರಿನ ಪಿವಿಸಿ ಹೊದಿಕೆ ಅದಕ್ಕೆ ತಾಗಿಕೊಂಡಿದ್ದರೆ ಕಾಲಕ್ರಮದಲ್ಲಿ ತನ್ನ ಮೃದುತನ ಕಳೆದುಕೊಂಡು ಬಿರುಸಾಗುತ್ತದೆ. ಥರ್ಮಾಕೋಲ್ ಬೇಡವೇ ಬೇಡ.

ನೆಲದ ಹತ್ತಿರ ಒಂದು ಮಾತು. ನಮ್ಮಲ್ಲಿ ಯುಗಾದಿಗೆ, ದಸರೆಗೆ ಮನೆ ತೊಳೆಯುವುದೆಂದರೆ ಒರೆಸುವುದಲ್ಲ, ಬಕೆಟ್ಟುಗಟ್ಟಲೆ ನೀರು ಹೊಯ್ದು ಪೊರಕೆಯಲ್ಲಿ ತಳ್ಳುವುದು. ಶೀಟು ನೆಲಕ್ಕೆ ತಾಗಿದ್ದರೆ ಆ ನೀರನ್ನು ದೀಪದ ಬತ್ತಿ ಎಣ್ಣೆ ಎಳೆದಂತೆ ಎಳೆದುಕೊಳ್ಳುತ್ತದೆ. ಶೀಟನ್ನು ನೆಲದಿಂದ 10 ಮಿ.ಮೀ. ಮೇಲೆ ನಿಲ್ಲಿಸಿ, ಸಂದಿಗೆ ಸೀಲಂಟ್ ತುಂಬಿ, ಟೈಲ್ಸಿನ ಸ್ಕರ್ಟಿಂಗ್ ಕೊಡಿ. ಕೆಳಗಿನ ಸಾಕೆಟ್ಟು ನೆಲದಿಂದ ಒಂದಡಿಯಾದರೂ ಮೇಲಿರಲಿ, ಮತ್ತು ಆ ಅಡಿಯನ್ನು ಟೈಲ್ಸ್ ಹಾಕಿದ ಮೇಲಿನ ನೆಲದಿಂದ ಅಳೆಯಿರಿ. ಗೆದ್ದಲಿಗೂ ಶೀಟಿನ ಕಾಗದ ಆಹಾರವೇ. ಕೆಳಗಿನ ಮನೆಯಲ್ಲಿ ಈ ಗೋಡೆ ಮಾಡಿಸುವುದಾದರೆ ಮೊದಲು ಗೆದ್ದಲಿನ ಔಷಧಿ ಹೊಡೆಸಿ. ಬಚ್ಚಲಿನಲ್ಲಿ ನೀರು ಬೀಳುವ ಗೋಡೆಗೆ ತೇವ ತಡೆಯುವ ಹಸಿರು ಶೀಟೂ ಸಾಲದು, ಅಲ್ಲಿ ಸಿಮೆಂಟ್ ಬೋರ್ಡೋ ಇಟ್ಟಿಗೆಯೋ ಬರಬೇಕು.

ಕೊನೆಯದು ಕೆಲಸದ ಸರದಿ. ಸ್ಟಡ್ ನಿಲ್ಲಿಸಿ ಒಂದು ಬದಿಗೆ ಶೀಟು, ಆಮೇಲೆ ಪೈಪು, ಬಾಕ್ಸು, ವೈರು, ಆಮೇಲೆ ಎರಡನೇ ಬದಿ. ಆ ಎರಡನೇ ಬದಿ ಮುಚ್ಚುವ ಮೊದಲು ಟೇಪನ್ನು ಗೋಡೆಗೆ ಬಿಡಿಸಿಟ್ಟು, ಅಳತೆ ಕಾಣುವಂತೆ ಒಂದೊಂದು ಅಂಕಣದ ಫೋಟೊ ತೆಗೆಯಿರಿ. ಲೈಸೆನ್ಸ್ ಇರುವ ವೈರ್‌ಮನ್ನಿಂದ 500 ವೋಲ್ಟಿನ ಮೆಗ್ಗರ್, ಅಂದರೆ ವೈರಿನ ಹೊದಿಕೆಯಿಂದ ಕರೆಂಟು ಸೋರುತ್ತದೆಯೇ ಎಂದು ತೋರಿಸುವ ಮೀಟರು, ಹಿಡಿಸಿ. ಮುಚ್ಚುವ ಮೊದಲು ಒಮ್ಮೆ, ಎಲ್ಲ ಸ್ಕ್ರೂ ಹೊಡೆದ ಮೇಲೆ ಮತ್ತೊಮ್ಮೆ. ಎರಡನೆಯದನ್ನು ಬಹಳ ಜನ ಬಿಡುತ್ತಾರೆ, ಆದರೆ ವೈರಿಗೆ ಸ್ಕ್ರೂ ತಾಗಿದೆಯೇ ಎಂದು ಹೇಳುವುದು ಅದೇ. ಹಿಡಿಯುವಾಗ ಫೇಸ್, ನ್ಯೂಟ್ರಲ್, ಅರ್ಥ್‌ಗಳ ನಡುವೆ ಮಾತ್ರ ನೋಡಿದರೆ ಸಾಲದು, ಫ್ರೇಮಿಗೂ ನೋಡಬೇಕು. ಫ್ರೇಮು ಆಗಲೇ ಮುಚ್ಚಿರುತ್ತದಲ್ಲ ಎನ್ನಬಹುದು. ಕಾಂಪೌಂಡ್ ಬಳಿಯುವ ಮೊದಲಾದರೆ ಶೀಟಿನ ಸ್ಕ್ರೂಗಳ ತಲೆ ಕಾಣುತ್ತಿರುತ್ತವೆ, ಪ್ರತಿಯೊಂದೂ ಸ್ಟಡ್‌ಗೆ ಕೂಡಿಕೊಂಡಿರುತ್ತದೆ. ಒಂದರ ತಲೆಯ ಕಪ್ಪು ಲೇಪ ಕೆರೆದು ಮೆಗ್ಗರಿನ ಒಂದು ಕಡ್ಡಿ ಅಲ್ಲಿಡಿ, ಇನ್ನೊಂದನ್ನು ಫೇಸ್ ವೈರಿಗೆ. 1 ಮೆಗಾಓಮಿಗಿಂತ ಕಡಿಮೆ ತೋರಿಸಿದರೆ ಕಾಂಪೌಂಡಿನ ಡಬ್ಬ ತೆರೆಯಬೇಡಿ, ಶೀಟು ಬಿಚ್ಚಿಸಿ. ಸರಿಯಾಗಿ ಬಂದರೆ ಆ ಅಂಕಿಯನ್ನೂ ತಾರೀಖನ್ನೂ ಬರೆದು, ಫೋಟೊಗಳ ಪ್ರಿಂಟ್ ಜೊತೆ ಡಿಬಿ ಬಾಗಿಲಿನ ಒಳಬದಿಗೆ ಅಂಟಿಸಿಡಿ. ಮುಂದೆ ಆ ಗೋಡೆಗೆ ಡ್ರಿಲ್ ಹಿಡಿದು ಬರುವವನು ಮೇನ್ ಆಫ್ ಮಾಡಲು ಮೊದಲು ತೆರೆಯುವುದು ಆ ಬಾಗಿಲನ್ನೇ.